ಕೇಬಲ್ ತೆಗೆಸಿದ ಮನೆಗೆ ಊರಿನ ಆಟ ಬರುವ ದಾರಿ

ಓದುಗರ ಪ್ರಶ್ನೆ, ನಮ್ಮ ಉತ್ತರ

ಈ ಸಂಚಿಕೆಗೆ ಬಂದ ಪತ್ರಗಳಲ್ಲಿ ನಾಲ್ಕು ಒಂದೇ ವಿಷಯವನ್ನು ಕುರಿತಿವೆ: ಕೇಬಲ್ ಸಂಪರ್ಕ ತೆಗೆಸಿದ ಮೇಲೆ ಟೀವಿಯಲ್ಲಿ ಆಟ ನೋಡುವುದು ಹೇಗೆ? ಬೇರೆ ಪ್ರಶ್ನೆಗಳನ್ನು ಮುಂದಿನ ಸಂಚಿಕೆಗೆ ಉಳಿಸಿಕೊಂಡು ಇವನ್ನಷ್ಟೇ ಇಲ್ಲಿ ಎತ್ತಿಕೊಂಡಿದ್ದೇವೆ. ಮೊದಲ ಪತ್ರ ಪುಣೆಯಿಂದ ಬಂದಿದ್ದರೂ ಅದರ ತೊಡಕು ಅಮೆರಿಕದ್ದು. ಅದನ್ನು ಬಿಡಿಸಿದರೆ ಉಳಿದ ಮೂರರ ಗಂಟೂ ಅರ್ಧ ಸಡಿಲವಾಗುವುದರಿಂದ ಅದಕ್ಕೇ ಹೆಚ್ಚು ಜಾಗ ಕೊಟ್ಟಿದ್ದೇವೆ.

ಪ್ರಶ್ನೆ: ಮಾನ್ಯರೇ, ನಾನೂ ನಮ್ಮ ಯಜಮಾನರೂ ನಿವೃತ್ತರು. ಬರುವ ಬೇಸಿಗೆಯಲ್ಲಿ ಮತ್ತೆ ಅಮೆರಿಕದ ಸ್ಯಾನ್ ಡಿಯಾಗೋದಲ್ಲಿರುವ ಮಗಳ ಮನೆಗೆ ಹೋಗುವವರಿದ್ದೇವೆ. ಆ ಮನೆಯಲ್ಲಿ ಕೇಬಲ್ ಇಲ್ಲ. ಹತ್ತು ವರ್ಷದ ಮೊಮ್ಮಗನಿಗೆ ಅಲ್ಲಿಯ ಪಾಡ್ರೆಸ್ ಎಂಬ ಬೇಸ್‌ಬಾಲ್ ತಂಡವೆಂದರೆ ಪ್ರಾಣ, ಅವನ ಜೊತೆ ಕುಳಿತು ಕುಳಿತು, ಮೊದಲು "ಇದೇನು, ನಮ್ಮ ಚಿಣ್ಣಿದಾಂಡಿನ ದೊಡ್ಡಪ್ಪನೇ?" ಎಂದು ನಗುತ್ತಿದ್ದ ಯಜಮಾನರಿಗೂ ಈಗ ಆ ಆಟದ ಹುಚ್ಚು ಹತ್ತಿದೆ. ಕಳೆದ ಸಲ ಅವನ ಹುಟ್ಟುಹಬ್ಬಕ್ಕೆಂದು ಎಲ್ಲ ತಂಡಗಳ ಪಂದ್ಯ ತೋರಿಸುವ ಒಂದು ಆ್ಯಪ್‌ಗೆ ಇಡೀ ವರ್ಷದ ಚಂದಾ ಕಟ್ಟಿದೆವು. ಬೋಸ್ಟನ್ ಆಟ ಬಂತು, ಟೊರೊಂಟೊ ಆಟ ಬಂತು. ಮನೆಯಿಂದ ಅರ್ಧ ಗಂಟೆ ದೂರದ ಮೈದಾನದಲ್ಲಿ ನಡೆಯುವ ಪಾಡ್ರೆಸ್ ಆಟ ಮಾತ್ರ "ನಿಮ್ಮ ಪ್ರದೇಶದಲ್ಲಿ ಲಭ್ಯವಿಲ್ಲ" ಎಂದು ಬಂದು ಹುಡುಗ ಅತ್ತೇಬಿಟ್ಟ. ನಾವು ಮೋಸ ಹೋದೆವೇ? ಕೇಬಲ್ ಹಾಕಿಸದೆ ಊರಿನ ತಂಡದ ಆಟ ನೋಡಲು ದಾರಿಯೇ ಇಲ್ಲವೇ?
(ನಿವೃತ್ತ ಶಿಕ್ಷಕಿ, ಕೊಥ್ರೂಡ್, ಪುಣೆ)

ಉತ್ತರ: ನೀವು ಮೋಸ ಹೋಗಿಲ್ಲ, ಆ್ಯಪ್ ಕೆಟ್ಟಿರಲೂ ಇಲ್ಲ. ನೀವು ಕಟ್ಟಿದ್ದು ಪರಊರಿನಲ್ಲಿರುವ ಅಭಿಮಾನಿಗಳಿಗೆಂದು ಮಾಡಿರುವ ಚಂದಾ; ಸ್ಯಾನ್ ಡಿಯಾಗೋ ಬಿಟ್ಟು ಬೋಸ್ಟನ್‌ನಲ್ಲಿ ನೆಲೆಸಿರುವ ಪಾಡ್ರೆಸ್ ಭಕ್ತನಿಗೆ ಅದು ಸರಿಯಾಗಿ ಹೊಂದುತ್ತದೆ, ಸ್ಯಾನ್ ಡಿಯಾಗೋದಲ್ಲೇ ಇರುವವನಿಗೆ ಹೊಂದುವುದಿಲ್ಲ. ಇದು ಮೇಲ್ನೋಟಕ್ಕೆ ವಿಚಿತ್ರವಾಗಿ ಕಂಡರೂ ಇದರ ಹಿಂದೆ ಒಂದು ಲೆಕ್ಕಾಚಾರವಿದೆ.

ಮೇಜರ್ ಲೀಗ್ ಬೇಸ್‌ಬಾಲ್‌ನಲ್ಲಿ 30 ತಂಡಗಳಿವೆ, ಪ್ರತಿ ತಂಡವೂ ಮಾರ್ಚ್ ಕೊನೆಯಿಂದ ಸೆಪ್ಟೆಂಬರ್ ಕೊನೆಯವರೆಗೆ 162 ಪಂದ್ಯಗಳನ್ನು ಆಡುತ್ತದೆ; ಅಂದರೆ ಹೆಚ್ಚುಕಡಿಮೆ ದಿನ ಬಿಟ್ಟು ದಿನವಲ್ಲ, ದಿನವೂ ಆಟ. ಇಷ್ಟು ಪಂದ್ಯಗಳಲ್ಲಿ ದೇಶಕ್ಕೆಲ್ಲ ಕಾಣುವ ವಾಹಿನಿಗಳಿಗೆ ಲೀಗ್ ಒಟ್ಟಾಗಿ ಮಾರುವುದು ಸ್ವಲ್ಪವನ್ನು ಮಾತ್ರ, ಉಳಿದ ಬಹುಪಾಲನ್ನು ಆಯಾ ತಂಡ ತನ್ನ ಸೀಮೆಯೊಳಗಿನ ಪ್ರಾದೇಶಿಕ ಕ್ರೀಡಾ ವಾಹಿನಿಗೆ ಕೊಡುತ್ತ ಬಂದಿದೆ. ಆ ವಾಹಿನಿಗಳು ಬದುಕಿದ್ದು ಕೇಬಲ್ ಬಿಲ್ಲಿನ ಮೇಲೆ. ಆಟ ನೋಡುವವರೂ ನೋಡದವರೂ ತಿಂಗಳು ತಿಂಗಳು ಕಟ್ಟುವ ಬಿಲ್ಲಿನಲ್ಲಿ ಅವುಗಳಿಗೊಂದು ಪಾಲು ಇರುತ್ತಿತ್ತು. ಅದೇ ಪಂದ್ಯ ಇನ್ನೊಂದು ಕಿಂಡಿಯಿಂದ ಅಗ್ಗಕ್ಕೆ ಒಳಗೆ ಬಂದರೆ ಆ ಪಾಲು ಕೊಡುವವರಾರು? ಆದ್ದರಿಂದ ಲೀಗ್‌ನ ಎಂಎಲ್‌ಬಿ ಡಾಟ್ ಟೀವಿಯಂಥ ಸೇವೆಗಳಲ್ಲಿ ಊರಿನ ತಂಡದ ಆಟವನ್ನು ಆ ಊರಿನವರಿಗೇ ಮುಚ್ಚುವ ಕಟ್ಟಳೆ ಬಂತು. ಅಲ್ಲಿ ಇದನ್ನು 'ಬ್ಲ್ಯಾಕೌಟ್' ಎನ್ನುತ್ತಾರೆ. ತನ್ನದೆಂದು ಹೇಳಿಕೊಳ್ಳಲು ಒಂದೇ ಒಂದು ಮೇಜರ್ ಲೀಗ್ ತಂಡವಿಲ್ಲದ ಅಯೋವಾ ರಾಜ್ಯವನ್ನು ಶಿಕಾಗೋದ ಎರಡು ತಂಡಗಳೂ ಸೇರಿದಂತೆ ಸುತ್ತಲಿನ ಆರು ತಂಡಗಳು ಬಹುಕಾಲ ತಮ್ಮ ಸೀಮೆಯೆಂದು ಹೇಳಿಕೊಂಡು ಬಂದದ್ದರಿಂದ ಅಲ್ಲಿಯವರಿಗೆ ಆರರ ಆಟವೂ ಮುಚ್ಚಿತ್ತು. ಸೀಮೆಯ ತಗಾದೆ ಮಹಾರಾಷ್ಟ್ರದ ಕನ್ನಡಿಗರಿಗೆ ಹೊಸದೇನಲ್ಲ. ಆದರೆ ಒಂದೇ ನೆಲಕ್ಕೆ ಆರು ಕಡೆಯವರು ಹಕ್ಕು ಹೇಳುವುದನ್ನು ನಾವೂ ಕಂಡಿಲ್ಲ.

ಇನ್ನು ನಿಮ್ಮ ಪಾಲಿಗೆ ಒಳ್ಳೆಯ ಸುದ್ದಿ. ಜನ ಕೇಬಲ್ ತೆಗೆಸುತ್ತ ಹೋದಂತೆ ಈ ವ್ಯವಸ್ಥೆ ಕುಸಿಯಿತು, ಕುಸಿತದ ಮೊದಲ ಫಲ ಸಿಕ್ಕಿದ್ದು ನಿಮ್ಮ ಮೊಮ್ಮಗನ ಊರಿಗೇ. ಹಲವಾರು ತಂಡಗಳ ಪ್ರಸಾರ ಹಕ್ಕು ಹೊಂದಿದ್ದ ಡೈಮಂಡ್ ಸ್ಪೋರ್ಟ್ಸ್ ಎಂಬ ಸಂಸ್ಥೆ 2023ರ ಮಾರ್ಚ್‌ನಲ್ಲಿ ದಿವಾಳಿ ಅರ್ಜಿ ಹಾಕಿತು. ಮೇ ತಿಂಗಳ ಕೊನೆಗೆ ಪಾಡ್ರೆಸ್ ತಂಡಕ್ಕೆ ಕೊಡಬೇಕಾದ ಕಂತು ತಪ್ಪಿದಾಗ ಹಕ್ಕು ತಂಡಕ್ಕೆ ಮರಳಿ, ಮೇ 31ರಿಂದ ಲೀಗ್ ತಾನೇ ಆ ಪಂದ್ಯಗಳ ಪ್ರಸಾರವನ್ನು ವಹಿಸಿಕೊಂಡಿತು. ಅಂದಿನಿಂದ ಸ್ಯಾನ್ ಡಿಯಾಗೋ ಸೀಮೆಯವರು ಕೇಬಲ್ ಇಲ್ಲದೆಯೇ ಪಾಡ್ರೆಸ್ ಆಟವನ್ನು ಅಂತರ್ಜಾಲದ ಮೂಲಕ ನೋಡಲು ಪ್ರತ್ಯೇಕವಾದ ಊರಿನ ಚಂದಾ ದೊರೆಯುತ್ತಿದೆ. ಆರಂಭದಲ್ಲಿ ಅದರ ಬೆಲೆ ತಿಂಗಳಿಗೆ 19.99 ಡಾಲರ್ ಇತ್ತು. ನೀವು ಕೊಳ್ಳಬೇಕಾದದ್ದು ಇದನ್ನು. ಎರಡು ಚಂದಾಗಳೂ ಒಂದೇ ಆ್ಯಪ್‌ನೊಳಗೆ ಅಕ್ಕಪಕ್ಕ ಇರುವುದರಿಂದ ಅವಸರದಲ್ಲಿ ಬೆರಳು ತಪ್ಪುವುದು ಸಹಜ. ಈ ಸಲ ಹಣ ಕಟ್ಟುವ ಮೊದಲು ಮಗಳ ಮನೆಯ ಪಿನ್‌ಕೋಡ್ ಹಾಕಿ ಯಾವ ತಂಡ ಮುಚ್ಚಿದೆ, ಯಾವುದು ತೆರೆದಿದೆ ಎಂದು ನೋಡಿಕೊಳ್ಳಿ. ಹಳೆಯ ವರ್ಷದ ಚಂದಾ ತಾನಾಗಿಯೇ ನವೀಕರಣವಾಗದಂತೆ ರದ್ದು ಮಾಡಿಸುವುದನ್ನೂ ಮರೆಯಬೇಡಿ. ಪುಣೆಯಲ್ಲೇ ಚಂದಾ ಕಟ್ಟಿ ಅಲ್ಲಿಗೆ ಒಯ್ದರೆ ಕಟ್ಟಳೆ ತಪ್ಪೀತೆಂದು ಯಜಮಾನರು ಯೋಚಿಸುತ್ತಿದ್ದರೆ, ಅದು ನಡೆಯದು. ಎಲ್ಲಿ ಹಣ ಕಟ್ಟಿದಿರಿ ಎಂಬುದನ್ನಲ್ಲ, ನೋಡುವ ಹೊತ್ತಿಗೆ ಎಲ್ಲಿದ್ದೀರಿ ಎಂಬುದನ್ನೇ ಆ್ಯಪ್ ಲೆಕ್ಕಕ್ಕೆ ಹಿಡಿಯುತ್ತದೆ.

ಆದರೆ ಇದನ್ನು ಕೊಂಡರೂ ಕೆಲವು ಸಂಜೆ ಪರದೆ ಖಾಲಿಯಾಗಿರುತ್ತದೆ. ದೇಶಕ್ಕೆಲ್ಲ ತೋರಿಸಲೆಂದು ದೊಡ್ಡ ವಾಹಿನಿಯೊಂದು ಎತ್ತಿಕೊಂಡ ಪಂದ್ಯ ಊರಿನ ಚಂದಾದಲ್ಲಿ ಬರುವುದಿಲ್ಲ. ಇಲ್ಲಿಯೇ ನಮ್ಮ ಹಳೆಯ ಗೆಳೆಯನಾದ ಆಂಟೆನಾ ನೆರವಿಗೆ ಬರುತ್ತದೆ. ಪುಣೆಯಲ್ಲಿ ಎಂಬತ್ತರ ದಶಕವನ್ನು ಕಂಡವರಿಗೆ ಸಿಂಹಗಡದ ಗೋಪುರದತ್ತ ಆಂಟೆನಾ ತಿರುಗಿಸುತ್ತ ಟೆರೇಸಿನ ಮೇಲಿನಿಂದ "ಬಂತಾ? ಈಗ ಬಂತಾ?" ಎಂದು ಕೂಗುತ್ತಿದ್ದ ಮನೆಯ ಹಿರಿಯರ ದನಿ ಇನ್ನೂ ಕಿವಿಯಲ್ಲಿ ಇದ್ದೀತು. ಅದು ನಮ್ಮಲ್ಲಿ ನೆನಪಾಗಿ ಉಳಿದಿದೆ, ಅಮೆರಿಕದಲ್ಲಿ ಮಾತ್ರ ಬದುಕಿದೆ. 2009ರ ಜೂನ್‌ನಲ್ಲಿ ಅಲ್ಲಿನ ದೊಡ್ಡ ಟೀವಿ ಕೇಂದ್ರಗಳೆಲ್ಲ ಅನಲಾಗ್ ಬಿಟ್ಟು ಡಿಜಿಟಲ್ ಪ್ರಸಾರಕ್ಕೆ ಹೊರಳಿದವು; ಇಪ್ಪತ್ತು ಮೂವತ್ತು ಡಾಲರಿನ ಆಂಟೆನಾವೊಂದನ್ನು ಕಿಟಕಿಯ ಬಳಿ ಅಂಟಿಸಿದರೆ ಫಾಕ್ಸ್, ಎಬಿಸಿ, ಎನ್‌ಬಿಸಿ, ಸಿಬಿಎಸ್ ವಾಹಿನಿಗಳ ಊರಿನ ಕೇಂದ್ರಗಳು ಎಚ್‌ಡಿ ಗುಣಮಟ್ಟದಲ್ಲಿ ಪುಕ್ಕಟೆಯಾಗಿ ಬರುತ್ತವೆ. ಬೇಸ್‌ಬಾಲ್‌ಗೆ ಇವುಗಳಲ್ಲಿ ಮುಖ್ಯವಾದದ್ದು ಫಾಕ್ಸ್: ಶನಿವಾರಗಳ ಕೆಲವು ಪಂದ್ಯಗಳನ್ನೂ ವರ್ಷದ ಕೊನೆಯ ಪ್ರಶಸ್ತಿ ಸರಣಿಯಾದ ವರ್ಲ್ಡ್ ಸೀರೀಸನ್ನೂ ಅದು ತೋರಿಸುತ್ತದೆ. ಎಲ್ಲಿಯೂ ಹೆಸರು ನೋಂದಾಯಿಸಬೇಕಿಲ್ಲ, ಪಾಸ್‌ವರ್ಡ್ ನೆನಪಿಡಬೇಕಿಲ್ಲ. ನಮ್ಮ ವಯಸ್ಸಿನವರಿಗೆ ಇದಕ್ಕಿಂತ ಮರ್ಯಾದೆಯ ತಂತ್ರಜ್ಞಾನ ಬೇರೆ ಇಲ್ಲವೆಂದು ಈ ಅಂಕಣಕಾರನ ಅಭಿಪ್ರಾಯ.

ಆಂಟೆನಾ ತಂದವರು ಸಾಮಾನ್ಯವಾಗಿ ಮೂರು ಕಡೆ ಎಡವುತ್ತಾರೆ. ಟೀವಿಯ ಹಿಂಬದಿಯಲ್ಲಿ ತಿರುಪಿನ ಎಳೆಯುಳ್ಳ ದುಂಡನೆಯ ಜಾಗ ಇದೆಯೇ ಎಂದು ನೋಡದೆ ಕೊಳ್ಳುತ್ತಾರೆ. ಅದಿಲ್ಲದ, ಆಂಟೆನಾದ ಸಿಗ್ನಲನ್ನು ಚಿತ್ರವಾಗಿಸುವ ಟ್ಯೂನರ್ ಇಲ್ಲದ ಪರದೆಗಳೂ ಅಂಗಡಿಗೆ ಬಂದಿದ್ದುಂಟು. ತಂತಿ ಸಿಕ್ಕಿಸಿದ ಮೇಲೆ ಟೀವಿಯ ಮೆನುವಿನಲ್ಲಿ 'ಕೇಬಲ್' ಎಂದಿರುವುದನ್ನು 'ಆಂಟೆನಾ' ಅಥವಾ 'ಏರ್' ಎಂದು ಬದಲಿಸದೆ ವಾಹಿನಿಗಳನ್ನು ಹುಡುಕಿಸಿ, ಒಂದೂ ಸಿಗಲಿಲ್ಲವೆಂದು ಆಂಟೆನಾವನ್ನು ಬೈಯುತ್ತಾರೆ. ಇನ್ನು ಕೆಲವರು ಅದನ್ನು ಟೀವಿಯ ಹಿಂದೆ ಅಡಗಿಸಿ ಇಡುತ್ತಾರೆ. ಅದು ಗೋಪುರದ ಕಡೆಗಿನ ಕಿಟಕಿಯಲ್ಲಿ, ಸಾಧ್ಯವಾದಷ್ಟು ಎತ್ತರದಲ್ಲಿ ಇರಬೇಕು, ಜಾಗ ಬದಲಿಸಿದಾಗಲೆಲ್ಲ ಹೊಸದಾಗಿ ಹುಡುಕಿಸಬೇಕು. ಸ್ಯಾನ್ ಡಿಯಾಗೋ ಗುಡ್ಡಗಾಡಿನ ಊರು. ಯಾವ ಮನೆಗೆ ಯಾವ ಕೇಂದ್ರ ಎಷ್ಟು ಬಲವಾಗಿ ಸಿಗುತ್ತದೆ ಎಂಬುದನ್ನು ಅಮೆರಿಕದ ಸಂಪರ್ಕ ಆಯೋಗವಾದ ಎಫ್‌ಸಿಸಿಯ ನಕ್ಷೆಯಲ್ಲಿ ವಿಳಾಸ ಹಾಕಿ ಮೊದಲೇ ತಿಳಿದುಕೊಳ್ಳಬಹುದು.

ಯೂಟ್ಯೂಬ್ ಟೀವಿಯಂಥ, ನೂರಾರು ವಾಹಿನಿಗಳನ್ನು ಕಟ್ಟಿಕೊಡುವ ಅಂತರ್ಜಾಲ ಸೇವೆಗಳ ಬಗ್ಗೆ ಅಳಿಯಂದಿರು ಹೇಳಿಯಾರು. 2025ರ ಜನವರಿಯಿಂದ ಅದಕ್ಕೆ ತಿಂಗಳಿಗೆ 82.99 ಡಾಲರ್. ಕೇಬಲ್ ಬಿಲ್ಲನ್ನೇ ಹಿಂಬಾಗಿಲಿನಿಂದ ಕರೆತಂದ ಹಾಗಾಯಿತು. ಒಂದು ತಂಡದ ಆಟಕ್ಕಾಗಿ ಅದು ಬೇಡ.

ರೇಡಿಯೊವನ್ನು ಕಡೆಗಣಿಸಬೇಡಿ. ಪಾಡ್ರೆಸ್ ಪಂದ್ಯಗಳ ವಿವರಣೆ ಆ ಊರಿನ 97.3 ಎಫ್‌ಎಂನಲ್ಲಿ ಬರುತ್ತದೆ, ಬ್ಲ್ಯಾಕೌಟ್ ಎಂಬುದು ಅದಕ್ಕಿಲ್ಲ. ಚೆಂಡೆಸೆತಕ್ಕೂ ಚೆಂಡೆಸೆತಕ್ಕೂ ನಡುವೆ ಬಿಡುವಿರುವ ಆಟವಾದ್ದರಿಂದ ಬೇಸ್‌ಬಾಲ್ ಕಿವಿಗೆ ಚೆನ್ನಾಗಿ ಒಗ್ಗುತ್ತದೆ. ಆಕಾಶವಾಣಿಯಲ್ಲಿ ಟೆಸ್ಟ್ ಪಂದ್ಯದ ವಿವರಣೆ ಕೇಳಿ ಬೆಳೆದ ಯಜಮಾನರಿಗೆ ಇದು ಪರಕೀಯ ಅನ್ನಿಸಲಿಕ್ಕಿಲ್ಲ. ಹಾಗೆಯೇ, ಈಗಾಗಲೇ ಕಟ್ಟಿರುವ ಚಂದಾ ಪೂರ್ತಿ ವ್ಯರ್ಥವೂ ಅಲ್ಲ: ಮುಚ್ಚಿದ ಪಂದ್ಯ ಮುಗಿದು ಸುಮಾರು ಒಂದೂವರೆ ಗಂಟೆಯಾದ ಮೇಲೆ ಅದೇ ಆ್ಯಪ್‌ನಲ್ಲಿ ಪೂರ್ತಿಯಾಗಿ ತೆರೆದುಕೊಳ್ಳುತ್ತದೆ. ರಾತ್ರಿ ಒಂಬತ್ತಕ್ಕೆ ಮಲಗುವ ಹುಡುಗ ಮರುದಿನ ಬೆಳಿಗ್ಗೆ, ಯಾರೂ ಫಲಿತಾಂಶ ಬಾಯಿಬಿಡದಂತೆ ನೋಡಿಕೊಂಡರೆ, ಅದನ್ನು ಹೊಸ ಆಟದಂತೆಯೇ ನೋಡಬಹುದು. ಮನೆಯವರ ಬಾಯಿ ಕಟ್ಟುವ ಹೊಣೆ ನಿಮ್ಮದು.

ನೀವು ಪುಣೆಗೆ ಮರಳಿದ ಮೇಲೆ ಕತೆ ತಿರುವುಮುರುವಾಗುತ್ತದೆ. ಪಾಡ್ರೆಸ್ ತಂಡದ ಸೀಮೆಯೊಳಗೆ ಕೊಥ್ರೂಡ್ ಬರುವುದಿಲ್ಲವಾದ್ದರಿಂದ, ಮೊಮ್ಮಗನಿಗೆ ಮುಚ್ಚಿದ್ದ ಪರಊರಿನ ಚಂದಾ ಅಜ್ಜ ಅಜ್ಜಿಗೆ ಸಲೀಸಾಗಿ ಕೆಲಸ ಮಾಡುತ್ತದೆ. ಸ್ಯಾನ್ ಡಿಯಾಗೋದಲ್ಲಿ ಸಂಜೆ 6.40ಕ್ಕೆ ಶುರುವಾಗುವ ಆಟ ನಮ್ಮಲ್ಲಿ ಮರುದಿನ ಬೆಳಿಗ್ಗೆ 7.10ಕ್ಕೆ, ಅಂದರೆ ಕಾಫಿಯ ಹೊತ್ತಿಗೆ ಸರಿಯಾಗಿ ಬರುತ್ತದೆ. 2023ರಲ್ಲಿ ಎಸೆತಗಳ ನಡುವಿನ ಸಮಯಕ್ಕೆ ಗಡಿಯಾರ ಇಟ್ಟಂದಿನಿಂದ ಸರಾಸರಿ ಆಟ ಎರಡು ಮುಕ್ಕಾಲು ಗಂಟೆಯೊಳಗೆ ಮುಗಿಯುವುದರಿಂದ ಹತ್ತರ ಹೊತ್ತಿಗೆ ತರಕಾರಿಗೆ ಹೊರಡಬಹುದು. ಪೂರ್ವ ಕರಾವಳಿಯಲ್ಲಿ ಸಂಜೆ ಏಳಕ್ಕೆ ನಡೆಯುವ ಪಂದ್ಯಗಳು ಮಾತ್ರ ನಮ್ಮ ನಸುಕಿನ ನಾಲ್ಕೂವರೆಗೆ ಬೀಳುತ್ತವೆ. ಅವು ಯಜಮಾನರ ಭಕ್ತಿಯ ಪರೀಕ್ಷೆಗೆ ಇರಲಿ.

ಪ್ರಶ್ನೆ: ಸಂಪಾದಕರಿಗೆ ನಮಸ್ಕಾರ. ನಮ್ಮ ಮನೆಯಲ್ಲಿ ಕೇಬಲ್ ತೆಗೆಸಿ ಎಂಟು ತಿಂಗಳಾಯಿತು. ಕ್ರಿಕೆಟ್ ಬಂದಾಗ ಪಕ್ಕದ ಮನೆಗೆ ಹೋಗುತ್ತೇನೆ. ಅವರ ಕೇಬಲ್‌ನಲ್ಲಿ ಡಿಡಿ ಸ್ಪೋರ್ಟ್ಸ್ ಇದೆ, ಆದರೆ ಭಾರತದ ಏಕದಿನ ಪಂದ್ಯ ಶುರುವಾಗುವ ಹೊತ್ತಿಗೆ ಅದರಲ್ಲಿ ಬೇರೆ ಏನೋ ಕಾರ್ಯಕ್ರಮ ಬರುತ್ತದೆ. ಕುಂದಾಪುರದ ಹತ್ತಿರ ಊರಿನ ಮನೆಯಲ್ಲಿ ತಮ್ಮ ಹಾಕಿಸಿದ ಸರಕಾರಿ ಡಿಶ್ ಛತ್ರಿಯಲ್ಲಿ ಅದೇ ಹೊತ್ತಿಗೆ ಅದೇ ವಾಹಿನಿಯಲ್ಲಿ ಪಂದ್ಯ ಬರುತ್ತಿರುತ್ತದೆಯಂತೆ. ತಿಂಗಳು ತಿಂಗಳು ದುಡ್ಡು ಕಟ್ಟುವವನಿಗೆ ಕಾಣದ್ದು ಬಿಡಿಗಾಸು ಕಟ್ಟದವನಿಗೆ ಕಾಣುವುದು ಎಂಥ ನ್ಯಾಯ? ಆ ಛತ್ರಿಯನ್ನು ನಾನೂ ಹಾಕಿಸಿದರೆ ಮುಂಬಯಿ ತಂಡದ ರಣಜಿ ಪಂದ್ಯಗಳೂ ಬರುತ್ತವೆಯೇ?
(ಹೋಟೆಲ್ ನೌಕರರು, ಡೊಂಬಿವಲಿ ಪೂರ್ವ)

ಉತ್ತರ: ನಿಮ್ಮ ತಮ್ಮ ಹೇಳಿದ್ದು ನಿಜ, ಅದಕ್ಕೆ ಸುಪ್ರೀಂ ಕೋರ್ಟಿನ ತೀರ್ಪೇ ಕಾರಣ. ಗಾಳಿಯ ತರಂಗಗಳು ಸಾರ್ವಜನಿಕ ಆಸ್ತಿ ಎಂದು ನ್ಯಾಯಾಲಯ ಹೇಳಿದ್ದು 1995ರಲ್ಲಿ, ಅದೂ ಕ್ರಿಕೆಟ್ ಪ್ರಸಾರದ ಜಗಳವೊಂದರಲ್ಲೇ. ಮುಂದೆ 2007ರಲ್ಲಿ ಸಂಸತ್ತು ಕಾಯ್ದೆಯೊಂದನ್ನು ಮಾಡಿ, ರಾಷ್ಟ್ರೀಯ ಮಹತ್ವದ್ದೆಂದು ಸರಕಾರ ಪಟ್ಟಿ ಮಾಡಿದ ಪಂದ್ಯಗಳ ನೇರ ಪ್ರಸಾರದ ಹಕ್ಕು ಯಾವ ಖಾಸಗಿ ಸಂಸ್ಥೆಯ ಬಳಿ ಇದ್ದರೂ ಅದು ತನ್ನ ಜಾಹೀರಾತುಗಳನ್ನು ತೆಗೆದ ಸಿಗ್ನಲನ್ನು ದೂರದರ್ಶನವನ್ನು ನಡೆಸುವ ಪ್ರಸಾರ ಭಾರತಿಗೆ ಅದೇ ಹೊತ್ತಿಗೆ ಕೊಡಬೇಕೆಂದು ವಿಧಿಸಿತು. ಟೀವಿ ಪ್ರಸಾರದಿಂದ ಪ್ರಸಾರ ಭಾರತಿಗೆ ಬರುವ ಜಾಹೀರಾತು ಹಣದಲ್ಲಿ 75 ಪಾಲು ಹಕ್ಕುದಾರರಿಗೆ, 25 ಪಾಲು ಪ್ರಸಾರ ಭಾರತಿಗೆ. ಆದರೆ ದೂರದರ್ಶನದ ಕೆಲವು ವಾಹಿನಿಗಳನ್ನು ಕೇಬಲ್‌ನವರು ಕಡ್ಡಾಯವಾಗಿ ತೋರಿಸಬೇಕೆಂಬ ಇನ್ನೊಂದು ಕಾನೂನೂ ಇದ್ದುದರಿಂದ, ಹಕ್ಕಿಗೆಂದು ಕೋಟಿಗಟ್ಟಲೆ ಸುರಿದವರ ಪಂದ್ಯವೇ ಪಕ್ಕದ ವಾಹಿನಿಯಲ್ಲಿ ಪುಕ್ಕಟೆಯಾಗಿ ಎಲ್ಲ ಕೇಬಲ್ ಮನೆಗಳಿಗೂ ಹರಿಯತೊಡಗಿತು. ಈ ವ್ಯಾಜ್ಯದಲ್ಲಿ 2017ರ ಆಗಸ್ಟ್ 22ರಂದು ಸುಪ್ರೀಂ ಕೋರ್ಟ್, ಹಂಚಿಕೊಂಡ ಸಿಗ್ನಲನ್ನು ಪ್ರಸಾರ ಭಾರತಿ ತನ್ನ ಸ್ವಂತ ಭೂಪ್ರಸಾರದಲ್ಲಿ (ಆಂಟೆನಾಕ್ಕೆ ಸಿಗುವುದು) ಮತ್ತು ಸ್ವಂತ ಡಿಟಿಎಚ್‌ನಲ್ಲಿ (ಉಪಗ್ರಹದಿಂದ ನೇರವಾಗಿ ಮನೆಯ ಡಿಶ್‌ಗೆ ಬರುವುದು) ಮಾತ್ರ ಬಳಸಬೇಕು, ಖಾಸಗಿ ಕೇಬಲ್‌ಗೆ ಬಿಡಬಾರದು ಎಂದು ತೀರ್ಮಾನಿಸಿತು. ಪಕ್ಕದ ಮನೆಯಲ್ಲಿ ನಿಮಗೆ ಕಂಡ 'ಬೇರೆ ಏನೋ ಕಾರ್ಯಕ್ರಮ' ಈ ತೀರ್ಪಿನ ಫಲ. ಮೇಲಿನ ಪತ್ರದ ಅಮೆರಿಕದ ಹುಡುಗನಿಗೆ ಊರಿನ ಆಟ ಮುಚ್ಚಿದ್ದರೆ, ನಮ್ಮಲ್ಲಿ ಕೇಬಲ್ ಹಾಕಿಸಿಕೊಂಡವನಿಗೆ ದೇಶದ ಆಟ ಆ ವಾಹಿನಿಯಲ್ಲಿ ಮುಚ್ಚಿದೆ. ಎರಡರ ಮೂಲವೂ ಹಕ್ಕು ಕೊಂಡವನ ಹಣ.

ಆ ಸ್ವಂತ ಡಿಟಿಎಚ್ ಎಂಬುದೇ ನಿಮ್ಮ ತಮ್ಮನ ಮನೆಯ ಛತ್ರಿ, ಡಿಡಿ ಫ್ರೀ ಡಿಶ್. 2004ರ ಡಿಸೆಂಬರ್‌ನಲ್ಲಿ ಡಿಡಿ ಡೈರೆಕ್ಟ್ ಪ್ಲಸ್ ಎಂಬ ಹೆಸರಿನಲ್ಲಿ ಶುರುವಾದ ಇದಕ್ಕೆ ತಿಂಗಳ ಬಾಡಿಗೆ ಇಲ್ಲ, ರೀಚಾರ್ಜ್ ಇಲ್ಲ. ಡಿಶ್, ಅದರ ಮೂತಿಗೆ ಕೂರಿಸುವ ಎಲ್‌ಎನ್‌ಬಿ, ಸೆಟ್‌ಟಾಪ್ ಬಾಕ್ಸ್, ತಂತಿ ಎಲ್ಲ ಸೇರಿ ಒಂದು ಸಲ ಸುಮಾರು 2000 ರೂಪಾಯಿ ಖರ್ಚು. ಯಾರಾದರೂ ಫ್ರೀ ಡಿಶ್‌ಗೆ ವರ್ಷದ ಶುಲ್ಕ ಕೇಳಿಕೊಂಡು ಬಂದರೆ ಬಾಗಿಲಿನಿಂದಲೇ ಕಳಿಸಿಬಿಡಿ. ಮನೆಯಲ್ಲಿ ಹಳೆಯ ಖಾಸಗಿ ಡಿಟಿಎಚ್‌ನ ಡಿಶ್ ತುಕ್ಕು ಹಿಡಿಯದೆ ಉಳಿದಿದ್ದರೆ ಅದನ್ನೇ ತಿರುಗಿಸಿ ಬಳಸಬಹುದು, ಬಾಕ್ಸ್ ಮಾತ್ರ ಹೊಸದು ಬೇಕಾಗುತ್ತದೆ. ಬಾಕ್ಸ್ ಕೊಳ್ಳುವಾಗ ಎಂಪೆಗ್-4 ಬಾಕ್ಸನ್ನೇ ಕೇಳಿ. ನೂರಿನ್ನೂರು ರೂಪಾಯಿ ಉಳಿಸಲೆಂದು ಹಳೆಯ ಎಂಪೆಗ್-2 ತಂದರೆ ಎಚ್‌ಡಿ ವಾಹಿನಿಗಳು ಬರುವುದಿಲ್ಲ. ಡೊಂಬಿವಲಿಯ ಸೊಸೈಟಿಗಳಲ್ಲಿ ಡಿಶ್ ಕೂರಿಸುವುದಕ್ಕಿಂತ ಟೆರೇಸಿನ ಬೀಗದ ಕೈ ಪಡೆಯುವುದೇ ಕಷ್ಟವೆಂದು ಗೊತ್ತು. ಕಾರ್ಯದರ್ಶಿಗೆ ಅರ್ಜಿ ಕೊಡುವ ಮೊದಲು ಇನ್ನೂ ಮೂರು ಮನೆಯವರನ್ನು ಸೇರಿಸಿಕೊಳ್ಳಿ; ನಾಲ್ಕು ಹೊರದಾರಿಗಳುಳ್ಳ ಎಲ್‌ಎನ್‌ಬಿ ಹಾಕಿದರೆ ಒಂದೇ ಛತ್ರಿಯಿಂದ ನಾಲ್ಕು ಮನೆಗೆ ಬೇರೆ ಬೇರೆ ತಂತಿ ಇಳಿಸಬಹುದು, ಒಬ್ಬರು ಧಾರಾವಾಹಿ ನೋಡುವಾಗ ಇನ್ನೊಬ್ಬರು ಆಟ ನೋಡಬಹುದು. ಇದರಲ್ಲಿ ಡಿಡಿ ಚಂದನವೂ ಬರುತ್ತದೆ ಎಂಬುದನ್ನು ಮನೆಯವರ ಮುಂದೆ ಹೇಳಿದರೆ ಆಟದ ಖರ್ಚಿಗೆ ಅವರ ಒಪ್ಪಿಗೆ ಸುಲಭವಾದೀತು. ಹಳೆಯ ಮೀನೆಲುಬಿನ ಆಂಟೆನಾವನ್ನೇ ಅಟ್ಟದಿಂದ ಇಳಿಸುವ ಯೋಚನೆ ಬೇಡ. ಗಡಿಭಾಗದಂಥ ಕೆಲವು ಕಡೆ ಬಿಟ್ಟರೆ ಅನಲಾಗ್ ಟ್ರಾನ್ಸ್‌ಮಿಟರ್‌ಗಳನ್ನು ಪ್ರಸಾರ ಭಾರತಿ ಹಂತಹಂತವಾಗಿ ಮುಚ್ಚಿಯಾಗಿದೆ.

ಎಲ್ಲ ಕ್ರಿಕೆಟ್ ಬರುತ್ತದೆಂದು ಮಾತ್ರ ತಿಳಿಯಬೇಡಿ. ಭಾರತದ ಪುರುಷರ ತಂಡ ಆಡುವ ಏಕದಿನ ಮತ್ತು ಟಿ20 ಪಂದ್ಯಗಳು, ಸರಕಾರ ಆಯ್ದ ಟೆಸ್ಟ್‌ಗಳು, ವಿಶ್ವಕಪ್ಪಿನ ಸೆಮಿಫೈನಲ್ ಮತ್ತು ಫೈನಲ್ ಪಟ್ಟಿಯಲ್ಲಿವೆ. ಐಪಿಎಲ್ ಪಟ್ಟಿಯಲ್ಲಿಲ್ಲ, ನೀವು ಕೇಳಿದ ರಣಜಿಯೂ ಇಲ್ಲ. ಅಂದರೆ ದೇಶದ ತಂಡಕ್ಕೆ ಕಾನೂನಿನ ಆಸರೆಯಿದೆ, ಊರಿನ ತಂಡಕ್ಕಿಲ್ಲ. 2024ರ ಮಾರ್ಚ್‌ನಲ್ಲಿ ವಾಂಖೇಡೆಯಲ್ಲಿ ವಿದರ್ಭವನ್ನು 169 ರನ್‌ಗಳಿಂದ ಸೋಲಿಸಿ ಮುಂಬಯಿ 42ನೆಯ ಸಲ ಟ್ರೋಫಿ ಎತ್ತಿದ್ದೂ ಆ ಪಟ್ಟಿಯ ಹೊರಗಿನ ಆಟವೇ. ದೇಶೀ ಕ್ರಿಕೆಟ್ಟಿನ ಹಕ್ಕು 2023ರಿಂದ ಐದು ವರ್ಷಕ್ಕೆ ವಯಾಕಾಮ್18 ಎಂಬ ಸಂಸ್ಥೆಯ ಪಾಲಾಗಿದ್ದು, 2025ರ ಫೆಬ್ರವರಿಯಲ್ಲಿ ಹುಟ್ಟಿದ ಜಿಯೋಹಾಟ್‌ಸ್ಟಾರ್ ಆ್ಯಪ್‌ನಲ್ಲಿ ಆಯ್ದ ರಣಜಿ ಪಂದ್ಯಗಳು ಬರುತ್ತವೆ. ಮೊಬೈಲ್‌ಗೆ ಮಾತ್ರ ಇರುವ ಅಗ್ಗದ ಚಂದಾ ತೆಗೆದುಕೊಂಡರೆ ದೊಡ್ಡ ಪರದೆಯಲ್ಲಿ ನೋಡಲಾಗದು. ಟೀವಿಗೂ ಅನ್ವಯಿಸುತ್ತದೆಯೇ ಎಂದು ಓದಿಕೊಂಡೇ ಹಣ ಕಟ್ಟಿ. ನಿಮ್ಮ ವಾರದ ರಜೆ ವಾರದ ನಡುವೆ ಬರುವುದಾದರೆ ಇನ್ನೊಂದು ದಾರಿಯೂ ಉಂಟು: ಗುಂಪು ಹಂತದ ರಣಜಿ ಪಂದ್ಯ ನಾಲ್ಕು ದಿನ ನಡೆಯುತ್ತದೆ, ಅದು ವಾಂಖೇಡೆಯಲ್ಲಿ ನಡೆದರೆ ಕುರ್ಚಿಗೆ ಬರವಿರುವುದಿಲ್ಲ, ಚರ್ಚ್‌ಗೇಟ್ ನಿಲ್ದಾಣದಿಂದ ನಡೆದೇ ಹೋಗಬಹುದು.

ಪ್ರಶ್ನೆ: ಎಲ್ಲ ಆಟಗಳನ್ನೂ ಪುಕ್ಕಟೆಯಾಗಿ ತೋರಿಸುವ ಲಿಂಕ್ ಒಂದನ್ನು ಗೆಳೆಯರು ವಾಟ್ಸಾಪ್‌ನಲ್ಲಿ ಕಳಿಸಿದ್ದಾರೆ. ಅದಕ್ಕೊಂದು ಫೈಲನ್ನು ಟೀವಿಗೆ ಹಾಕಿಕೊಳ್ಳಬೇಕಂತೆ. ಹಾಕಬಹುದೇ?
(ಅಂಧೇರಿಯ ಓದುಗರು)

ಉತ್ತರ: ಬೇಡ. ಅದು ಹಕ್ಕಿಲ್ಲದವರು ಕದ್ದು ತೋರಿಸುವ ಪ್ರಸಾರ. ಕಾನೂನಿನ ಮಾತು ಹಾಗಿರಲಿ, ಟೀವಿಯ ಆ್ಯಪ್ ಅಂಗಡಿಯ ಹೊರಗಿನಿಂದ ಬಂದ ಫೈಲನ್ನು ಟೀವಿಗೆ ಹಾಕುವುದೆಂದರೆ, ಅದೇ ವೈಫೈಯಲ್ಲಿ ನೀವು ಬ್ಯಾಂಕಿನ ವ್ಯವಹಾರ ಮಾಡುವ ಫೋನೂ ಇರುವ ಮನೆಯ ಬಾಗಿಲನ್ನು ಅಪರಿಚಿತರಿಗೆ ತೆರೆದಿಟ್ಟಂತೆ. ಈಗಾಗಲೇ ಹಾಕಿದ್ದರೆ ಟೀವಿಯನ್ನು ಕಾರ್ಖಾನೆಯ ಮೂಲಸ್ಥಿತಿಗೆ ತಂದು, ಅದರಲ್ಲಿ ಬಳಸಿದ ಪಾಸ್‌ವರ್ಡ್‌ಗಳನ್ನು ಬದಲಿಸಿ.

ಪ್ರಶ್ನೆ: ನಾವು ಗದಗದ ಕಡೆಯವರು, ವಾಸ್ಕೋದಲ್ಲಿ ಮೂವತ್ತು ವರ್ಷದಿಂದ ಇದ್ದೇವೆ. ಫ್ರೀ ಡಿಶ್ ಹಾಕಿಸಿದ್ದೇವೆ. ಬೇಸಿಗೆಯಲ್ಲಿ ಚೆನ್ನಾಗಿ ಬರುತ್ತದೆ. ಜೂನ್ ಬಂತೆಂದರೆ ಸರಿಯಾಗಿ ಪಂದ್ಯದ ಕೊನೆಯ ಓವರಿಗೆ ಚಿತ್ರ ಚೂರುಚೂರಾಗಿ ನಿಂತುಬಿಡುತ್ತದೆ. ಈಗ ಮನೆ ಬದಲಿಸುವವರಿದ್ದೇವೆ. ನೋಡಿರುವ ಫ್ಲ್ಯಾಟಿನ ಬಾಲ್ಕನಿ ಸಮುದ್ರದ ಕಡೆಗೆ, ಪಶ್ಚಿಮಕ್ಕಿದೆ. ಅಲ್ಲಿ ಛತ್ರಿ ಕೂರಿಸಬಹುದೇ?
(ಬಂದರಿನ ನೌಕರರ ಪತ್ನಿ, ವಾಸ್ಕೋ)

ಉತ್ತರ: ಪಶ್ಚಿಮದ ಬಾಲ್ಕನಿಯಲ್ಲಿ ಬಾರದು. ಫ್ರೀ ಡಿಶ್ ಬರುವುದು ಜಿಸ್ಯಾಟ್-15 ಉಪಗ್ರಹದಿಂದ, ಅದು ಪೂರ್ವ ರೇಖಾಂಶ 93.5 ಡಿಗ್ರಿಯ ನೇರಕ್ಕೆ ಸಮಭಾಜಕದ ಮೇಲೆ ನಿಂತಿದೆ. ಗೋವಾದಿಂದ ನೋಡಿದರೆ ಅದು ಆಗ್ನೇಯದಲ್ಲಿ, ನೆಲದಿಂದ ಸುಮಾರು 61 ಡಿಗ್ರಿ ಎತ್ತರದಲ್ಲಿ ಇರುತ್ತದೆ. ಮುಂಬಯಿಯಿಂದಲೂ ದಿಕ್ಕು ಹೆಚ್ಚುಕಡಿಮೆ ಅದೇ, ಎತ್ತರ ಮೂರೂವರೆ ಡಿಗ್ರಿಯಷ್ಟು ಕಡಿಮೆ. ಹಿರಿಯರು ಅಡುಗೆಮನೆಗೆಂದು ಹೇಳುವ ಮೂಲೆಯೇ ಛತ್ರಿಗೂ ಬೇಕು. ಹೊಸ ಫ್ಲ್ಯಾಟಿನ ಅಡುಗೆಮನೆ ಆಗ್ನೇಯದಲ್ಲಿದ್ದು ಅದಕ್ಕೊಂದು ಕಿಟಕಿಯಿದ್ದರೆ, ಎದುರಿಗೆ ತೆಂಗಿನ ಮರವಾಗಲಿ ಎತ್ತರದ ಕಟ್ಟಡವಾಗಲಿ ಅಡ್ಡ ಇಲ್ಲದಿದ್ದರೆ, ಆ ಕಿಟಕಿಯ ಗ್ರಿಲ್ಲಿಗೇ ಕೂರಿಸಬಹುದು. ಇಲ್ಲವಾದರೆ ಟೆರೇಸೇ ಗತಿ. ಕರಾರಿಗೆ ಸಹಿ ಹಾಕುವ ಮೊದಲು ಮೊಬೈಲಿನ ದಿಕ್ಸೂಚಿ ಹಿಡಿದು ಒಮ್ಮೆ ನಿಂತು ನೋಡಿ.

ಮಳೆಯ ವಿಷಯ ಬೇರೆ. ಈ ಉಪಗ್ರಹಗಳು ಬಳಸುವ ಕೆಯು ಬ್ಯಾಂಡ್ ತರಂಗಗಳ ಉದ್ದ ಎರಡೂವರೆ ಸೆಂಟಿಮೀಟರಿನಷ್ಟು ಮಾತ್ರ. ದಪ್ಪ ಹನಿಗಳ ಜಡಿಮಳೆ ಅವುಗಳನ್ನು ಹೀರಿ ಚದುರಿಸಿಬಿಡುತ್ತದೆ. ಕೊಂಕಣದ ಜುಲೈ ಮಳೆಯನ್ನು ಯಾವ ಛತ್ರಿಯೂ ಪೂರ್ತಿ ಗೆಲ್ಲಲಾರದು, ಆದರೆ ಸೋಲಿನ ಹೊತ್ತನ್ನು ಕಡಿಮೆ ಮಾಡಬಹುದು. ಮೇ ತಿಂಗಳಲ್ಲಿಯೇ ಮೆಕ್ಯಾನಿಕನ್ನು ಕರೆಸಿ ಬಾಕ್ಸಿನ ಮೆನುವಿನಲ್ಲಿ ಕಾಣುವ ಸಿಗ್ನಲ್ ಗುಣಮಟ್ಟದ ಅಂಕಿ ಅತಿ ಹೆಚ್ಚು ಬರುವಂತೆ ಡಿಶ್ ಹೊಂದಿಸಿಕೊಳ್ಳಿ. ಬೇಸಿಗೆಯಲ್ಲಿ ಅರೆಬರೆ ಹೊಂದಿಕೆಯಿದ್ದರೂ ಚಿತ್ರ ಬರುವುದರಿಂದ ಯಾರೂ ಅದನ್ನು ಗಮನಿಸುವುದಿಲ್ಲ, ಮಳೆಗಾಲದಲ್ಲಿ ಆ ಕೊರತೆ ಎದ್ದು ಕಾಣುತ್ತದೆ. ಬಳಸುತ್ತಿರುವ ಡಿಶ್ ಚಿಕ್ಕದಾಗಿದ್ದರೆ ಒಂದು ಅಳತೆ ದೊಡ್ಡದನ್ನು ಹಾಕಿಸಿ. ವಾಸ್ಕೋದ ಉಪ್ಪುಗಾಳಿಗೆ ಎಲ್‌ಎನ್‌ಬಿಗೆ ತಂತಿ ಸೇರುವ ತಿರುಪು ಒಂದೆರಡು ವರ್ಷದಲ್ಲಿ ಹಸಿರು ಹಿಡಿಯುತ್ತದೆ, ಅದರೊಳಗೆ ನೀರು ಇಳಿದರೆ ಮಳೆ ನಿಂತು ಬಿಸಿಲು ಬಂದರೂ ಚಿತ್ರ ಮರಳುವುದಿಲ್ಲ. ಹತ್ತು ನಿಮಿಷದಲ್ಲಿ ತಾನಾಗಿ ಸರಿಹೋದರೆ ಅದು ಮಳೆಯ ಕಾಟ. ಮರುದಿನವೂ ಹಾಗೆಯೇ ಇದ್ದರೆ ಆ ತಿರುಪನ್ನು ಬಿಚ್ಚಿಸಿ, ತಂತಿಯ ತುದಿ ಕತ್ತರಿಸಿ ಹೊಸ ಕನೆಕ್ಟರ್ ಹಾಕಿಸಿ, ರಬ್ಬರ್ ಟೇಪು ಸುತ್ತಿಸಿ.